ಗೊರಕೆ ನಿಂತ ಗಳಿಗೆ

ಪ್ರಶ್ನೆ: ಡಾಕ್ಟ್ರೇ, ನಮ್ಮ ಯಜಮಾನರಿಗೆ 47 ವರ್ಷ. ಸ್ವಂತ ಕ್ಯಾಬ್ ಓಡಿಸುತ್ತಾರೆ. ಬೆಳಗಿನ ಜಾವ ಮೂರಕ್ಕೇ ಏರ್‌ಪೋರ್ಟ್ ಬಾಡಿಗೆಗೆ ಹೊರಡುತ್ತಾರೆ. ಗೊರಕೆ ಮೊದಲಿನಿಂದಲೂ ಇತ್ತು. ಈಗ ಒಂದು ವರ್ಷದಿಂದ ಗೊರಕೆ ಹೊಡೆಯುತ್ತಲೇ ಇದ್ದಕ್ಕಿದ್ದಂತೆ ಸುಮ್ಮನಾಗಿಬಿಡುತ್ತಾರೆ. ಉಸಿರೇ ಇರುವುದಿಲ್ಲ. ಆಮೇಲೆ ನೀರಲ್ಲಿ ಮುಳುಗಿ ಎದ್ದವರ ಹಾಗೆ ಏದುಸಿರು ಬಿಟ್ಟು ಹೊರಳುತ್ತಾರೆ. ಬೆಳಿಗ್ಗೆ ಕೇಳಿದರೆ ‘ನಂಗೇನೂ ಆಗಿಲ್ಲ’ ಅಂತಾರೆ. ಬಿಪಿಗೆ ಎರಡು ಮಾತ್ರೆ ತಗೊಂಡರೂ ಹತೋಟಿಗೆ ಬಂದಿಲ್ಲ. ಹೋದ ವಾರ ಹೆಬ್ಬಾಳ ಫ್ಲೈಓವರ್ ಮೇಲೆ ಟ್ರಾಫಿಕ್‌ನಲ್ಲಿ ನಿಂತಿದ್ದಾಗ ಕಣ್ಣು ಮುಚ್ಚಿತಂತೆ, ಹಿಂದಿನವರು ಹಾರ್ನ್ ಮಾಡಿದ ಮೇಲೆ ಎಚ್ಚರವಾಯಿತಂತೆ. ಅತ್ತೆ ‘ಗೊರಕೆ ಬಂದ್ರೆ ಒಳ್ಳೆ ನಿದ್ದೆ’ ಅಂತಾರೆ. ನಾನು ಸುಮ್ನೆ ಹೆದರುತ್ತಿದ್ದೀನಾ?
– ಓದುಗರೊಬ್ಬರು, ರಾಜಾಜಿನಗರ

ಉತ್ತರ: ಇಲ್ಲಮ್ಮ, ನಿಮ್ಮ ಹೆದರಿಕೆಗೆ ಕಾರಣವಿದೆ. ಮೊದಲು ಹೆಬ್ಬಾಳದ ವಿಷಯ. ಪರೀಕ್ಷೆ, ಚಿಕಿತ್ಸೆ ಆಗುವವರೆಗೆ ಬೆಳಗಿನ ಜಾವದ ಬಾಡಿಗೆ ಬೇಡವೇ ಬೇಡ. ದುಡಿಮೆಗೆ ಪೆಟ್ಟು ಬೀಳುತ್ತದೆ, ಗೊತ್ತು. ಆದರೆ ಅವತ್ತು ಗಾಡಿ ನಿಂತಿತ್ತು, ಅದಕ್ಕೇ ಉಳಿದರು. ಹಗಲಲ್ಲೂ ಕಣ್ಣು ಎಳೆದರೆ ಗಾಡಿ ಪಕ್ಕಕ್ಕೆ ಹಾಕಲೇಬೇಕು. ಕಾಫಿ ಕುಡಿದು ಮುಂದೆ ಹೋಗುವ ಧೈರ್ಯ ಮಾಡಬಾರದು.

ಇನ್ನು ಗೊರಕೆ. ನಿದ್ದೆ ಹತ್ತಿದಾಗ ಗಂಟಲಿನ ಸ್ನಾಯುಗಳು ಸಡಿಲವಾಗುತ್ತವೆ, ನಾಲಗೆಯ ಬುಡ ಹಿಂದಕ್ಕೆ ಜಾರುತ್ತದೆ. ಗಾಳಿಯ ದಾರಿ ಕಿರಿದಾಗಿ ಅಲ್ಲಿನ ಮೆತ್ತನೆಯ ಭಾಗ ಅದುರುವ ಸದ್ದೇ ಗೊರಕೆ. ಸದ್ದು ಇದೆ ಅಂದರೆ ಗಾಳಿ ಕಷ್ಟಪಟ್ಟಾದರೂ ಓಡಾಡುತ್ತಿದೆ ಅಂತ. ದಾರಿ ಪೂರ್ತಿ ಮುಚ್ಚಿದಾಗ ಸದ್ದೂ ನಿಲ್ಲುತ್ತದೆ. ಎದೆ, ಹೊಟ್ಟೆ ಮಾತ್ರ ಉಸಿರಿಗಾಗಿ ಒದ್ದಾಡುತ್ತಿರುತ್ತವೆ. ಇದನ್ನೇ ಅಬ್‌ಸ್ಟ್ರಕ್ಟಿವ್ ಸ್ಲೀಪ್ ಅಪ್ನಿಯಾ ಅನ್ನುತ್ತೇವೆ. ನಿಮ್ಮ ಯಜಮಾನರಿಗೆ ಅದೇ ಇರುವ ಸಾಧ್ಯತೆ ಜಾಸ್ತಿ. ರಕ್ತದಲ್ಲಿ ಆಮ್ಲಜನಕ ಇಳಿಯುತ್ತಿದ್ದಂತೆ ಮಿದುಳು ಅವರನ್ನು ಒಂದು ಕ್ಷಣ ಎಬ್ಬಿಸುತ್ತದೆ. ನೀವು ಕೇಳುವ ಏದುಸಿರು ಅದು. ಈ ಎಚ್ಚರ ಎಷ್ಟು ಚಿಕ್ಕದೆಂದರೆ ಬೆಳಿಗ್ಗೆ ಅವರಿಗೆ ನೆನಪೇ ಇರುವುದಿಲ್ಲ. ‘ಏನೂ ಆಗಿಲ್ಲ’ ಅನ್ನುವುದು ಅವರ ಮಟ್ಟಿಗೆ ನಿಜ. ಅದಕ್ಕೇ ಈ ಕಾಯಿಲೆಯಲ್ಲಿ ನಾನು ರೋಗಿಗಿಂತ ಪಕ್ಕದಲ್ಲಿ ಮಲಗುವವರ ಮಾತನ್ನು ಹೆಚ್ಚು ನಂಬುತ್ತೇನೆ.

ಬಿಪಿ ಬಗ್ಗೆಯೂ ಬರೆದಿರಿ, ಒಳ್ಳೆಯದಾಯಿತು. ನಿದ್ದೆಯಲ್ಲಿ ಬಿಪಿ ಇಳಿಯಬೇಕು. ಇವರಿಗೆ ಉಸಿರು ಕಟ್ಟಿದಾಗಲೆಲ್ಲ ಏರುತ್ತದೆ. ಮಾತ್ರೆಗೆ ಬಗ್ಗದ ಬಿಪಿ ಹಿಂದೆ ಎಷ್ಟೋ ಸಲ ಈ ಕಾಯಿಲೆ ಇರುತ್ತದೆ. ಹಾಗೇ ಬಿಟ್ಟರೆ ಹೃದಯದ ಬಡಿತ ಏರುಪೇರಾಗುವ, ಪಾರ್ಶ್ವವಾಯು ಬಡಿಯುವ ಅಪಾಯವೂ ಹೆಚ್ಚು. ಬೆಳಿಗ್ಗೆ ತಲೆನೋವು, ಒಣಗಿದ ಬಾಯಿ, ರಾತ್ರಿ ಎರಡು ಮೂರು ಸಲ ಮೂತ್ರಕ್ಕೆ ಏಳುವುದು, ಇವೆಲ್ಲ ಇದೆಯಾ ಅಂತ ಕೇಳಿ ನೋಡಿ.

ಖಚಿತವಾಗುವುದು ಸ್ಲೀಪ್ ಸ್ಟಡಿಯಿಂದ. ನಿಮ್ಹಾನ್ಸ್‌ನಲ್ಲೂ ನಗರದ ದೊಡ್ಡ ಆಸ್ಪತ್ರೆಗಳಲ್ಲೂ ಮಾಡುತ್ತಾರೆ. ಒಂದು ರಾತ್ರಿ ತಲೆಗೆ, ಎದೆಗೆ, ಬೆರಳಿಗೆ ತಂತಿ ಅಂಟಿಸಿ ಮಲಗಿಸುತ್ತಾರೆ, ನೋವಿರುವುದಿಲ್ಲ. ಕೆಲವರಿಗೆ ಮನೆಯಲ್ಲೇ ಮಾಡುವ ಸಣ್ಣ ಪರೀಕ್ಷೆ ಸಾಕು. ಉಸಿರು ಕನಿಷ್ಠ 10 ಸೆಕೆಂಡ್ ನಿಂತದ್ದನ್ನೂ ತೀರಾ ತಗ್ಗಿದ್ದನ್ನೂ ಲೆಕ್ಕ ಹಾಕುತ್ತಾರೆ. ಗಂಟೆಗೆ 5ರಿಂದ 15 ಸಲ ಆದರೆ ಸೌಮ್ಯ, 15ರಿಂದ 30 ಮಧ್ಯಮ, 30 ದಾಟಿದರೆ ತೀವ್ರ. ಗಂಟೆಗೆ 30 ಅಂದರೆ ಎರಡು ನಿಮಿಷಕ್ಕೊಮ್ಮೆ. ಇದು ಒಳ್ಳೆ ನಿದ್ದೆ ಹೇಗಾದೀತು, ನಿಮ್ಮ ಅತ್ತೆಗೂ ಈ ಲೆಕ್ಕ ಹೇಳಿ.

ಮಧ್ಯಮ, ತೀವ್ರ ಹಂತಕ್ಕೆ ಸಿಪ್ಯಾಪ್ ಯಂತ್ರ ಚೆನ್ನಾಗಿ ಕೆಲಸ ಮಾಡುತ್ತದೆ. ಆಸ್ಟ್ರೇಲಿಯಾದ ವೈದ್ಯ ಕಾಲಿನ್ ಸಲಿವನ್ 1981ರಲ್ಲಿ ಇದನ್ನು ಜಗತ್ತಿಗೆ ತಿಳಿಸಿದರು. ಆಕ್ಸಿಜನ್ ಸಿಲಿಂಡರ್ ಅಲ್ಲ, ಹೆದರಬೇಡಿ. ನಮ್ಮ ಸುತ್ತಲಿನ ಗಾಳಿಯನ್ನೇ ಮಾಸ್ಕ್ ಮೂಲಕ ಸ್ವಲ್ಪ ಒತ್ತಡದಲ್ಲಿ ಬಿಟ್ಟು ಗಂಟಲಿನ ದಾರಿ ಮುಚ್ಚದಂತೆ ನೋಡಿಕೊಳ್ಳುತ್ತದೆ. ಮೊದಲ ವಾರ ಕಷ್ಟವೇ. ಎಷ್ಟೋ ಮಂದಿ ನಾಲ್ಕು ದಿನ ಹಾಕಿ ಬೀರುವಿಗೆ ಸೇರಿಸುತ್ತಾರೆ, ಅದು ನನಗೆ ತುಂಬಾ ಬೇಸರ ತರುವ ಸಂಗತಿ. ಬಹಳಷ್ಟು ಸಲ ತಪ್ಪು ಮಾಸ್ಕ್‌ನದು. ಅಳತೆ ಬದಲಿಸಿದರೆ ಸರಿಹೋಗುತ್ತದೆ. ಯಂತ್ರ ಬಾಡಿಗೆಗೂ ಸಿಗುತ್ತದೆ, ಒಂದು ತಿಂಗಳು ಹಾಕಿ ನೋಡಿ ಆಮೇಲೆ ಕೊಳ್ಳಿ. ಗಾಳಿಗೆ ತೇವ ಕೊಡಲು ಅದರಲ್ಲಿರುವ ನೀರಿನ ಡಬ್ಬಿಗೆ ಬೋರ್‌ವೆಲ್ ನೀರು ಹಾಕಬೇಡಿ, ಬಿಳಿ ಪೊರೆ ಕಟ್ಟುತ್ತದೆ. ಡಿಸ್ಟಿಲ್ಡ್ ವಾಟರ್ ತನ್ನಿ.

ದಪ್ಪ ಇದ್ದರೆ ತೂಕ ಇಳಿಸಲಿ, ಖಂಡಿತ ಅನುಕೂಲ. ಆದರೆ ದವಡೆ ಚಿಕ್ಕದಿದ್ದರೆ ಸಣ್ಣಗಿರುವವರಿಗೂ ಈ ಕಾಯಿಲೆ ಬರುತ್ತದೆ. ಮಗ್ಗುಲಾಗಿ ಮಲಗಲಿ. ಮಲಗುವ ಮುಂಚೆ ಕುಡಿತ ಬೇಡ, ವೈದ್ಯರನ್ನು ಕೇಳದೆ ನಿದ್ದೆ ಮಾತ್ರೆಯೂ ಬೇಡ. ಎರಡೂ ಗಂಟಲನ್ನು ಇನ್ನಷ್ಟು ಸಡಿಲ ಮಾಡುತ್ತವೆ. ಬಿಪಿ ಮಾತ್ರೆ ಮಾತ್ರ ನಿಲ್ಲಿಸಬಾರದು.

ಇವತ್ತು ರಾತ್ರಿ ಒಂದು ಕೆಲಸ ಮಾಡಿ. ಗೊರಕೆ ನಿಂತು ಮತ್ತೆ ಉಸಿರು ಬರುವವರೆಗೆ ಫೋನ್‌ನಲ್ಲಿ ವಿಡಿಯೊ ತೆಗೆಯಿರಿ. ಎದೆ, ಹೊಟ್ಟೆ ಕಾಣುವಂತಿರಲಿ. ಬೆಳಿಗ್ಗೆ ಜಗಳವಿಲ್ಲದೆ ಅವರಿಗೆ ತೋರಿಸಿ. ಈ ವಾರವೇ ಶ್ವಾಸಕೋಶದ ವೈದ್ಯರನ್ನೋ ಕಿವಿ-ಮೂಗು-ಗಂಟಲಿನ ವೈದ್ಯರನ್ನೋ ಕಾಣಿ. ಅವರೊಬ್ಬರನ್ನೇ ಕಳಿಸಬೇಡಿ, ನೀವೂ ಒಳಗೆ ಹೋಗಿ. ನೋಡಿದವರು ನೀವು, ಹೇಳಬೇಕಾದವರೂ ನೀವೇ ಅಲ್ವಾ?