ಶಾಲೆಯ ದುಡ್ಡು, ಡಬ್ಬಿಂಗ್ ಬಾಕಿ

ಅಕ್ಕ, ನನಗೆ 36. ಪಾಂಡವಪುರ ತಾಲ್ಲೂಕಿನವನು. ಮದುವೆ ವಿಡಿಯೊ ಮಾಡಿ ಬದುಕು. ಐದು ವರ್ಷದ ಹಿಂದೆ ಊರವರನ್ನೇ ಹಾಕಿಕೊಂಡು ಒಂದು ಸಿನಿಮಾ ಮಾಡಿದೆ, ಥಿಯೇಟರ್ ಸಿಗಲಿಲ್ಲ. ಹಳ್ಳಿಗಳಲ್ಲಿ ಪರದೆ ಕಟ್ಟಿ ತೋರಿಸಿ, ಬಂದ ದುಡ್ಡಿನಲ್ಲಿ ಸರ್ಕಾರಿ ಶಾಲೆಗಳಿಗೆ ಪುಸ್ತಕ ಕೊಡಿಸಿದೆ. ಅಲ್ಲಿಂದ ಜನ ತಾವಾಗಿ ದುಡ್ಡು ಕೊಡತೊಡಗಿದರು. ಈಗ ಹೆಣ್ಣುಮಕ್ಕಳ ಶೌಚಾಲಯಕ್ಕೆಂದು ಕೂಡಿಸಿದ 2.80 ಲಕ್ಷ ನನ್ನ ಖಾತೆಯಲ್ಲಿದೆ. ಎರಡನೇ ಸಿನಿಮಾ ಡಬ್ಬಿಂಗ್‌ನಲ್ಲಿ ನಿಂತಿದೆ. ಮೂರು ತಿಂಗಳಿಗೆ ಆ ದುಡ್ಡು ಬಳಸಿ, ಸಬ್ಸಿಡಿ ಬಂದ ಮೇಲೆ ತುಂಬಿಕೊಡಲೇ? ಹೆಂಡತಿ ‘ಊರಿಗೆ ಉಪಕಾರಿ, ಮನೆಗೆ ಮಾರಿ’ ಅಂತಾಳೆ. ಶಾಲೆಯವರು ಶಾಲು ಹೊದಿಸಿದ ಫೋಟೊ ಗೋಡೆ ಮೇಲಿದೆ, ನನ್ನ ಸಿನಿಮಾ ಪೋಸ್ಟರ್ ಮಂಚದ ಕೆಳಗಿದೆ.
– ಹೆಸರು ಬೇಡ, ಮಂಡ್ಯ ಜಿಲ್ಲೆ

ಬೇಡ ತಮ್ಮಾ. ಮುಟ್ಟಬೇಡಿ.

ಮೂರು ತಿಂಗಳು ಅನ್ನೋ ಲೆಕ್ಕವೇ ಮೊದಲು ತಪ್ಪು. ರಾಜ್ಯ ಸರ್ಕಾರದ ಸಬ್ಸಿಡಿ ಸಾಮಾನ್ಯವಾಗಿ 10 ಲಕ್ಷ, ನಿಜ. ಆದರೆ ಸಿನಿಮಾ ಮುಗಿಯಬೇಕು, ಸೆನ್ಸಾರ್ ಆಗಬೇಕು, ಆಯ್ಕೆ ಸಮಿತಿ ನೋಡಿ ಒಪ್ಪಬೇಕು, ಆಮೇಲೆ ಹಣ. ಡಬ್ಬಿಂಗೇ ಆಗದ ಸಿನಿಮಾದ ಸಬ್ಸಿಡಿಯನ್ನು ನೀವು ಆಗಲೇ ಮನಸ್ಸಿನಲ್ಲಿ ಖರ್ಚು ಹಾಕಿಬಿಟ್ಟಿದ್ದೀರಿ. ನಿಮ್ಮ ಜಿಲ್ಲೆಯದೇ ನೊದೆಕೊಪ್ಪಲಿನಲ್ಲಿ, ಎಂದೂ ನಟಿಸದ ಹಳ್ಳಿಯವರನ್ನೇ ಇಟ್ಟುಕೊಂಡು ತೆಗೆದ ‘ತಿಥಿ’ಗೆ 2015ರ ಆಗಸ್ಟ್‌ನಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಎರಡು ಪ್ರಶಸ್ತಿ ಬಂತು. ಅಷ್ಟಾದರೂ ಇಲ್ಲಿ ಥಿಯೇಟರಿಗೆ ಬಂದದ್ದು 2016ರ ಮೇನಲ್ಲಿ. ಕಬ್ಬಿನ ಬಿಲ್‌ಗೆ ಕಾದು ಗೊತ್ತಿರುವ ಊರಿನವರು ನೀವು, ಇದನ್ನು ನಾನು ಹೇಳಿಕೊಡಬೇಕೇ?

ಜನರ ದುಡ್ಡಿನಲ್ಲಿ ಸಿನಿಮಾ ಮಾಡುವುದು ತಪ್ಪೆಂದು ನಾನು ಹೇಳುತ್ತಿಲ್ಲ. 2013ರಲ್ಲಿ ತೆರೆಕಂಡ ‘ಲೂಸಿಯಾ’ ಪ್ರೇಕ್ಷಕರು ಹಾಕಿದ ಹಣದಲ್ಲೇ ಆಯ್ತು. ಆದರೆ ಹಾಕಿದವರಿಗೆ ಸಿನಿಮಾಕ್ಕೇ ಹಾಕುತ್ತಿದ್ದೇವೆಂದು ಗೊತ್ತಿತ್ತು. ನಿಮಗೆ ಕೊಟ್ಟವರ ಕಣ್ಣಲ್ಲಿ ಇರುವುದು ಬಾಗಿಲಿಲ್ಲದ ಶೌಚಾಲಯ. ಎರಡನೇ ಸಿನಿಮಾಕ್ಕೂ ಕೇಳಿ, ಅದೇ ಜನರನ್ನೇ ಕೇಳಿ, ಆದರೆ ಸಿನಿಮಾ ಅಂತ ಹೇಳಿಯೇ ಕೇಳಿ. ಕೆಲವರು ಕೊಡಲ್ಲ. ಆ ‘ಇಲ್ಲ’ಕ್ಕೆ ಹೆದರಿಯೇ ನೀವು ಒಳದಾರಿ ಹುಡುಕುತ್ತಿದ್ದೀರಿ ಅಂತ ನನ್ನ ಗುಮಾನಿ.

ಆ ಪೋಸ್ಟರ್ ಮಾತು ನನ್ನನ್ನು ಬಹಳ ಹೊತ್ತು ಕೂರಿಸಿತು. ಪುಸ್ತಕ ಕೊಟ್ಟರೆ ಅದೇ ದಿನ ಶಾಲು, ಹಾರ, ಮಕ್ಕಳ ಚಪ್ಪಾಳೆ. ಸಿನಿಮಾ ಮಾಡಿದರೆ ಐದು ವರ್ಷ ಯಾರೂ ಕೇಳೋರಿಲ್ಲ. ಅಂಥವನಿಗೆ ಶಾಲು ಬೆಚ್ಚಗೆ ಅನ್ನಿಸುತ್ತೆ, ತಪ್ಪೇನಿಲ್ಲ. ಆದರೆ ಒಳ್ಳೆಯವನು ಅನ್ನಿಸಿಕೊಂಡ ಮೇಲೆ ‘ಇಷ್ಟು ಮಾಡಿದ್ದೀನಲ್ಲ, ಮೂರು ತಿಂಗಳು ಬಳಸಿಕೊಂಡರೆ ಏನು’ ಅನ್ನೋ ಸಲಿಗೆ ಹುಟ್ಟುತ್ತೆ ನೋಡಿ, ಅದು ಕೆಟ್ಟದ್ದು. ಊರ ಹಬ್ಬದ ಚಂದಾ ಪುಸ್ತಕ ಹಿಡಿದವರಲ್ಲಿ ನಾನು ಅದನ್ನು ಕಂಡಿದ್ದೇನೆ. (ನಮ್ಮ ಸೋದರಮಾವನೂ ಒಬ್ಬ, ಅದು ಬೇರೆ ಕತೆ.)

ಇನ್ನು ಈ ದುಡ್ಡು ನಿಮ್ಮ ಸ್ವಂತ ಖಾತೆಯಲ್ಲಿದೆ ಅಂದಿರಿ. ನಾಳೆ ಯಾರಾದರೂ ಕೇಳಿದರೆ ಸಿನಿಮಾದ್ದು ಯಾವುದು, ಶಾಲೆಯದ್ದು ಯಾವುದು ಅಂತ ನೀವೇ ಹೇಳಲಾರಿರಿ. ಈ ಕೆಲಸ ಮುಂದುವರಿಸುವುದಾದರೆ ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಟ್ರಸ್ಟ್ ನೋಂದಾಯಿಸಿ, ಅದರ ಹೆಸರಲ್ಲೇ ಖಾತೆ ತೆರೆಯಿರಿ, ಕೊಟ್ಟವರಿಗೆ ರಸೀದಿ ಕೊಡಿ. ಇಷ್ಟು ರಗಳೆ ಬೇಡ ಅನ್ನಿಸಿದರೆ ಜನರ ದುಡ್ಡು ಮುಟ್ಟಬೇಡಿ, ಭಾನುವಾರ ಶಾಲೆಗೆ ಹೋಗಿ ಮಕ್ಕಳ ಕೈಗೆ ಕ್ಯಾಮೆರಾ ಕೊಟ್ಟು ಕಲಿಸಿ. ಅದೇನು ಕಡಿಮೆ ಸೇವೆಯಲ್ಲ.

ಡಬ್ಬಿಂಗ್? ಸ್ಟುಡಿಯೊದವರ ಮುಂದೆ ಕೂತು ಅರ್ಧ ಈಗ, ಅರ್ಧ ಆಮೇಲೆ ಅಂತ ಮಾತಾಡಿ. ಆಷಾಢದಲ್ಲಿ ಹೇಗೂ ಮದುವೆ ಇಲ್ಲ, ಆ ತಿಂಗಳು ಸಿನಿಮಾ ಕೆಲಸಕ್ಕಿರಲಿ. ಶ್ರಾವಣದಿಂದ ಬರುವ ಮದುವೆ ದುಡ್ಡಲ್ಲಿ ಮನೆಗೆ ಎಷ್ಟು, ಸಿನಿಮಾಕ್ಕೆ ಎಷ್ಟು ಅನ್ನೋದನ್ನು ನೀವಲ್ಲ, ನಿಮ್ಮ ಹೆಂಡತಿ ಬರೆದಿಡಲಿ. ಆಕೆಯ ಗಾದೆಗೆ ನೀವು ನೊಂದಿದ್ದೀರಿ, ಆದರೆ ಆಕೆಗೆ ಲೆಕ್ಕ ತೋರಿಸಿದ್ದೀರಾ ಅಂತ ಪತ್ರದಲ್ಲೆಲ್ಲೂ ಇಲ್ಲ.

ಆ 2.80 ಲಕ್ಷದ ವಿಷಯಕ್ಕೆ ನಾಳೆ ಬೆಳಿಗ್ಗೆಯೇ ಹೆಡ್‌ಮೇಷ್ಟ್ರಿಗೆ ಫೋನ್ ಮಾಡಿ, ಗಾರೆ ಮೇಸ್ತ್ರಿಯನ್ನು ಕರೆಸಿ. ಖಾತೆಯಲ್ಲಿ ಕೂತಷ್ಟು ದಿನ ಅದು ನಿಮ್ಮನ್ನು ಕರೆಯುತ್ತಲೇ ಇರುತ್ತೆ.