ಗಳಿಗೆ ಬಟ್ಟಲನ್ನು ತೊಳೆಯುವವರು ಯಾರು?

ನಿಮ್ಮ ಪ್ರಶ್ನೆಯನ್ನು ನಿನ್ನೆ ರಾತ್ರಿ ಓದಿದಾಗಿನಿಂದ ಅದೇ ತಲೆಯಲ್ಲಿದೆ. ನಿಮ್ಮ ಕಾದಂಬರಿಯ ರಾಜ್ಯದಲ್ಲಿ ಕಾಲವನ್ನು ಒಂದು ಗಳಿಗೆಯಷ್ಟು, ಅಂದರೆ 24 ನಿಮಿಷ, ಹಿಂದಕ್ಕೆ ತಿರುಗಿಸಬಲ್ಲ ಮಾಂತ್ರಿಕರಿದ್ದಾರೆ, ಅವರೆಲ್ಲ ರಾಜನ ಅಂಕೆಯಲ್ಲಿದ್ದಾರೆ. ಯಾರು ದಂಗೆ ಎದ್ದರೂ ರಾಜ ಅದು ನಡೆಯದಂತೆ ಮಾಡಿಬಿಡುತ್ತಾನೆ, ಹಾಗಾಗಿ ಆರನೆಯ ಅಧ್ಯಾಯದ ಮುಂದೆ ಕಥೆ ಹೋಗುತ್ತಿಲ್ಲ ಎಂದಿದ್ದೀರಿ. ಮಾಂತ್ರಿಕರ ಶಕ್ತಿಯನ್ನು ತಗ್ಗಿಸಿ ಎಂದು ಮೇಲೆ ಇಬ್ಬರು ಸಲಹೆ ಕೊಟ್ಟಿದ್ದಾರೆ. ನನಗೆ ಅದು ಒಪ್ಪಿಗೆಯಿಲ್ಲ. ಶಕ್ತಿ ಹಾಗೆಯೇ ಇರಲಿ. ನಿಮ್ಮ ರಾಜ್ಯಕ್ಕೆ ಸದ್ಯ ಒಂದು ಕಚೇರಿ ಬೇಕಾಗಿದೆ. ಕಾಲ ತಿರುಗಿತೆಂದು ಸಾರುವವರು ಯಾರು, ಬರೆದಿಡುವವರು ಯಾರು, ಗಳಿಗೆಯನ್ನು ಅಳೆಯುವ ಪಾತ್ರೆ ಯಾರ ವಶದಲ್ಲಿದೆ? ಇಷ್ಟನ್ನು ತೀರ್ಮಾನಿಸಿ ನೋಡಿ.

ಯಾವ ಮಾಂತ್ರಿಕನೂ ಇಲ್ಲದೆ ವರ್ಷವನ್ನೇ ಹಿಗ್ಗಿಸಿ ಕುಗ್ಗಿಸಿದ ಸರ್ಕಾರವೊಂದು ನಿಜವಾಗಿಯೂ ಇತ್ತು. ರೋಮ್ ಗಣರಾಜ್ಯದ ವರ್ಷಕ್ಕೆ 355 ದಿನ. ಸೂರ್ಯನ ಗತಿಗೆ ಹೊಂದಿಸಲು ಆಗಾಗ ಒಂದು ಹೆಚ್ಚುವರಿ ತಿಂಗಳು ಸೇರಿಸಬೇಕಾಗುತ್ತಿತ್ತು. ನಮ್ಮಲ್ಲಿಯೂ ಅಧಿಕ ಮಾಸವಿದೆ, ಆದರೆ ಸಂಕ್ರಮಣವಿಲ್ಲದ ಚಾಂದ್ರಮಾಸ ಯಾವುದೆಂದು ಪಂಚಾಂಗದ ಲೆಕ್ಕವೇ ಹೇಳುತ್ತದೆ. ಯಾವ ಮಂತ್ರಿಯ ಅಪ್ಪಣೆಯೂ ಬೇಕಿಲ್ಲ. ರೋಮ್‌ನಲ್ಲಿ ಆ ತೀರ್ಮಾನ ಪುರೋಹಿತ ಮಂಡಳಿಯ ಕೈಯಲ್ಲಿತ್ತು, ಆ ಪುರೋಹಿತರೋ ರಾಜಕಾರಣಿಗಳೇ. ಅಧಿಕಾರದ ಅವಧಿ ಒಂದು ವರ್ಷ. ತಮ್ಮವರು ಗದ್ದುಗೆಯಲ್ಲಿದ್ದರೆ ತಿಂಗಳು ಸೇರಿಸುವುದು, ಆಗದವರಿದ್ದರೆ ಬಿಟ್ಟುಬಿಡುವುದು ನಡೆಯುತ್ತಿತ್ತು. ಕ್ರಿ.ಪೂ. 51ರಲ್ಲಿ ರೋಮ್‌ನ ರಾಜಕಾರಣಿ, ವಾಗ್ಮಿ ಸಿಸೆರೋ ಇಂದಿನ ಟರ್ಕಿಯ ದಕ್ಷಿಣ ಕರಾವಳಿಯ ಸಿಲಿಸಿಯಾ ಪ್ರಾಂತ್ಯಕ್ಕೆ ಅಧಿಪತಿಯಾಗಿ ಹೋದ. ಅವನಿಗೆ ಅಲ್ಲಿರಲು ಮನಸ್ಸೇ ಇರಲಿಲ್ಲ. ಹೆಚ್ಚುವರಿ ತಿಂಗಳು ಸೇರದಂತೆ ನೋಡಿಕೊಳ್ಳಿ ಎಂದು ರೋಮ್‌ನಲ್ಲಿದ್ದ ಗೆಳೆಯರಿಗೆ ಕಾಗದ ಬರೆದ. ಒಂದು ಪ್ರಾಂತ್ಯವನ್ನು ಆಳುವವನಿಗೆ ತನ್ನ ವರ್ಷದಲ್ಲಿ ಎಷ್ಟು ದಿನಗಳಿವೆ ಎಂಬುದೇ ತಿಳಿಯದು! ಮರುವರ್ಷ ಕ್ಯೂರಿಯೋ ಎಂಬ ಜನಪ್ರತಿನಿಧಿ ಆ ತಿಂಗಳು ಬೇಕೆಂದು ಕೇಳಿ, ಸಿಗದೆ ಹೋದಾಗ ಸೇನಾನಿ ಜೂಲಿಯಸ್ ಸೀಸರನ ಪರ ವಾಲಿದ. ಕೊನೆಗೆ ಪ್ರಧಾನ ಪುರೋಹಿತನೂ ಆಗಿದ್ದ ಸೀಸರನೇ ಲೆಕ್ಕ ಸರಿಪಡಿಸಲು ಹೊರಟಾಗ ಕ್ರಿ.ಪೂ. 46ನೆಯ ವರ್ಷ 445 ದಿನಗಳಷ್ಟು ಉದ್ದವಾಯಿತು. ನಿಮ್ಮ ಮಾಂತ್ರಿಕರಿಗೂ ಇಂಥದೊಂದು ಮಂಡಳಿ ಕೊಡಿ. ಅದರಲ್ಲಿ ಸ್ಥಾನಕ್ಕಾಗಿ ಮನೆತನಗಳು ಬಡಿದಾಡಲಿ. ರಾಜ ಅಪ್ಪಣೆ ಕೊಟ್ಟರೂ ಮಂಡಳಿ ಕೂಡಿ ಒಪ್ಪುವಷ್ಟರಲ್ಲಿ ಅರ್ಧ ಗಳಿಗೆ ಕಳೆದಿರುತ್ತದೆ.

ಇನ್ನು ಕಾನೂನು. 1752ರಲ್ಲಿ ಬ್ರಿಟನ್ ಹಳೆಯ ಪಂಚಾಂಗ ಬಿಟ್ಟು ನಾವು ಇಂದು ಬಳಸುವ ಗ್ರೆಗೋರಿಯನ್ ಕ್ಯಾಲೆಂಡರಿಗೆ ಬದಲಾದಾಗ ಸೆಪ್ಟೆಂಬರ್ 2ರ ಮರುದಿನವೇ 14 ಬಂತು. ಕಾನೂನು ಬರೆದವರು ಬಾಡಿಗೆ ಮತ್ತು ಸಾಲದ ಗಡುವು 11 ದಿನ ಮುಂಚೆ ಬರಬಾರದು, ಯಾರೂ 11 ದಿನ ಮುಂಚೆ ಪ್ರಾಯಕ್ಕೆ ಬಂದಂತೆ ಆಗಬಾರದು ಎಂದು ಅದರಲ್ಲೇ ಸೇರಿಸಿದ್ದರು. ನಿಮ್ಮ ರಾಜ್ಯದಲ್ಲೂ ಇದೇ ಪ್ರಶ್ನೆಗಳು ಏಳುತ್ತವೆ. ಅಳಿಸಿಹೋದ ಗಳಿಗೆಯಲ್ಲಿ ಹಾಕಿದ ರುಜುವಿಗೆ ಬೆಲೆಯುಂಟೇ? ಆ ಗಳಿಗೆಯಲ್ಲಿ ಹುಟ್ಟಿದ ಮಗುವಿನ ಜಾತಕ ಬರೆಯುವುದು ಹೇಗೆ? ದಂಗೆಗಿಂತ ಇಂಥ ವ್ಯಾಜ್ಯಗಳೇ ಜನರನ್ನು ಬೀದಿಗೆ ತರುತ್ತವೆ.

ದಾಖಲೆಗೆ ಬಂದರೆ ನಮ್ಮಲ್ಲೇ ಎರಡು ಬಗೆಗಳಿವೆ. ಹಿಂದೆ ಊರಿನ ಲೆಕ್ಕ ಬರೆಯುತ್ತಿದ್ದ ಶಾನುಭೋಗರ ಕಡತವೆಂದರೆ ಹುಣಸೆಬೀಜದ ಅಂಟು, ಇದ್ದಿಲ ಪುಡಿ ಬಳಿದು ಕಪ್ಪಾಗಿಸಿದ ಬಟ್ಟೆ. ಬಳಪದಲ್ಲಿ ಬರೆದು, ಬೇಕೆಂದಾಗ ಅಳಿಸಿ ಮತ್ತೆ ಬರೆಯಬಹುದಿತ್ತು. ಶಿಲಾಶಾಸನವಾದರೋ ಶಕವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ ಎಲ್ಲವನ್ನೂ ಕಲ್ಲಿನಲ್ಲಿ ಕೊರೆದು, ಅಳಿಸಿದವರಿಗೆ ಶಾಪ ಹಾಕಿ ಮುಗಿಯುತ್ತದೆ. ಕಾಲ ತಿರುಗಿದರೂ ಕಲ್ಲಿನ ಅಕ್ಷರ ಉಳಿಯುತ್ತದೆ ಎಂಬ ನಿಯಮವೊಂದನ್ನು ಇಟ್ಟುಕೊಳ್ಳಿ. ಆಗ ಅರಮನೆ ಕಡತದವರ ಪಕ್ಷ, ಊರೂರಿನ ಕಲ್ಲುಕುಟಿಗರು ಎದುರು ಪಕ್ಷ. ನೆನಪನ್ನು ಹೊತ್ತವರೇ ನಿಮ್ಮ ವಿರೋಧ ಪಕ್ಷ. ಕಲ್ಲು ಕೆತ್ತಲು ಗಳಿಗೆ ಸಾಲದು ಎಂಬ ತೊಡಕನ್ನೂ ಹಾಗೆಯೇ ಬಿಡಿ, ಒಂದೇ ಅಕ್ಷರ ಕೊರೆದು ಉಳಿಸಿದರೂ ಸಾಕೆನ್ನುವ ಹಟ ಅಲ್ಲಿಂದಲೇ ಬರುತ್ತದೆ.

ಕೊನೆಗೆ ಪಾತ್ರೆಯ ವಿಷಯ. ನನ್ನ ಅಜ್ಜನ ಮನೆಯಲ್ಲಿ ತಾಮ್ರದ ಗಳಿಗೆ ಬಟ್ಟಲೊಂದಿದೆ. ತಳದಲ್ಲಿ ಸೂಜಿಮೊನೆಯಷ್ಟು ತೂತು. ಹಂಡೆಯ ನೀರಿನ ಮೇಲೆ ತೇಲಬಿಟ್ಟರೆ ಒಳಗೆ ಕೂದಲೆಳೆಯಂಥ ಬುಗ್ಗೆ ಏಳುತ್ತದೆ, ಬಟ್ಟಲು ಮೆಲ್ಲಗೆ ಇಳಿಯುತ್ತದೆ, ಅಂಚು ನೀರಿಗೆ ತಾಗಿದ ಕ್ಷಣ ಗುಳುಂ ಎಂದು ಮುಳುಗುತ್ತದೆ. ಒಂದು ಗಳಿಗೆ, ಅಂದರೆ 24 ನಿಮಿಷ. ಕಳೆದ ವರ್ಷ ಅಟ್ಟದಿಂದ ಇಳಿಸಿ ಮೊಬೈಲ್ ಪಕ್ಕದಲ್ಲಿಟ್ಟು ನೋಡಿದರೆ 31 ನಿಮಿಷ ಹಿಡಿಯಿತು. ತೂತಿನಲ್ಲಿ ಕಿಲುಬು ಕಟ್ಟಿತ್ತು. ಅತ್ತೆ ಹುಣಸೆಹಣ್ಣು ಹಚ್ಚಿ ತಿಕ್ಕಿ ಕೊಟ್ಟ ಮೇಲೆ ಸರಿಹೋಯಿತು.

ನಿಮ್ಮ ಆರನೆಯ ಅಧ್ಯಾಯದ ಗಂಟು ಬಿಚ್ಚುವುದು ಇಲ್ಲಿ ಎಂದು ನನಗೆ ಅನ್ನಿಸುತ್ತದೆ. ಮಂತ್ರದ ವ್ಯಾಪ್ತಿ ನಿಜವಾದ ಒಂದು ಗಳಿಗೆ. ಆದರೆ ಸಭೆಯಲ್ಲಿ ಎಲ್ಲರ ಕಣ್ಣು ಬಟ್ಟಲಿನ ಮೇಲೆ. ದಂಗೆಕೋರರು ಮಾಂತ್ರಿಕರ ತಂಟೆಗೇ ಹೋಗುವುದು ಬೇಡ. ದಿನವೂ ಬಟ್ಟಲು ತೊಳೆಯುವ ಹೆಂಗಸನ್ನು ಒಲಿಸಿಕೊಂಡರೆ ಆಯಿತು. ಅವಳು ಎರಡು ವಾರ ಹುಣಸೆಹಣ್ಣು ಮುಟ್ಟದಿದ್ದರೆ ಸಾಕು. ಕೋಟೆಯ ಬಾಗಿಲು ಮುರಿದ ಸುದ್ದಿ ಬರುತ್ತದೆ, ಮಂಡಳಿ ಚರ್ಚಿಸುತ್ತದೆ, ಬಟ್ಟಲು ಇನ್ನೂ ತೇಲುತ್ತಿದೆಯೆಂದು ರಾಜ ನೆಮ್ಮದಿಯಾಗಿ ಕೂತಿರುತ್ತಾನೆ, ಅಷ್ಟರಲ್ಲಿ ನಿಜವಾದ ಗಳಿಗೆ ಮುಗಿದೇ ಹೋಗಿರುತ್ತದೆ. ಆ ಹೆಂಗಸಿಗೆ ಎರಡನೆಯ ಅಧ್ಯಾಯದಲ್ಲೇ ಒಂದು ಹೆಸರು ಕೊಟ್ಟು, ಕೈಯಲ್ಲಿ ಹಂಡೆ ಹಿಡಿಸಿ ಸಭೆಯೊಳಗೆ ಓಡಾಡಿಸಿ. ಆ ಭಾಗವನ್ನು ತಿದ್ದಿ ಇಲ್ಲಿ ಹಾಕಿದರೆ ಖಂಡಿತ ಓದಿ ಹೇಳುತ್ತೇನೆ.