ಹೊಸ ಟೈರ್ ಎರಡನ್ನೂ ಮೊದಲು ಹಿಂದಕ್ಕೆ ಹಾಕಿಸಿ, ಶಾಕ್ ಅಬ್ಸಾರ್ಬರ್ ಆಮೇಲೆ ನೋಡೋಣ

ಸರ್, ದಯವಿಟ್ಟು ನಾಳೆ ಗ್ಯಾರೇಜಿಗೆ ಗಾಡಿ ಬಿಡಬೇಡಿ. ಸ್ವಿಫ್ಟ್‌ಗೆ ಮುಂದೆ ಎರಡು ಹೊಸ ಟೈರ್ ಹಾಕಿಸಿ ಹಿಂದಿನ ಹಳೇದನ್ನು ಹಾಗೇ ಬಿಟ್ಟಿದ್ದೀರಿ. ಅವತ್ತಿನಿಂದ ಸ್ಟೇರಿಂಗ್ ಮೆತ್ತಗಾಗಿದೆ, ಮೈಲೇಜ್ ಬಿದ್ದಿದೆ, ಸಕಲೇಶಪುರ ದಾಟಿದ ಮೇಲೆ ಮಳೆಯಲ್ಲಿ ತಿರುವಿನಲ್ಲಿ ಗಾಡಿಯ ಹಿಂಭಾಗ ಜಾರಿತು ಅಂತ ಪೋಸ್ಟಿನಲ್ಲಿ ಬರೆದಿದ್ದೀರಿ. ಮೆಕ್ಯಾನಿಕ್ ನೋಡಿ ಹಿಂದಿನ ಶಾಕ್ ಅಬ್ಸಾರ್ಬರ್ ಹೋಗಿದೆ ಅಂದರಂತೆ. ಹಿಂದಿನ ದಿನದವರೆಗೂ ಚೆನ್ನಾಗಿದ್ದ ಶಾಕ್ ಅಬ್ಸಾರ್ಬರ್ ಎರಡೂ ಟೈರ್ ಬದಲಾಯಿಸಿದ ದಿನವೇ ಹೋಗ್ತವಾ? ನೀವು ಹೇಳಿದ ಮೂರು ತೊಂದರೆಗೂ ಕಾರಣ ಟೈರಿನಲ್ಲೇ ಇದೆ.

ಮೊದಲು ಆ ಜಾರಿದ ವಿಷಯ, ಯಾಕಂದ್ರೆ ಅದು ಜೀವದ ಪ್ರಶ್ನೆ.

ಮುಂದೆ ಎಂಜಿನ್ ಭಾರ ಇದೆ, ಬ್ರೇಕ್ ಜಾಸ್ತಿ ಮುಂದೆಯೇ ಹಿಡಿಯುತ್ತೆ, ಸ್ಟೇರಿಂಗೂ ಮುಂದೆ, ಹಾಗಾಗಿ ಒಳ್ಳೆ ಟೈರ್ ಮುಂದಿರಲಿ ಅಂತ ಎಲ್ಲಾ ಟೈರ್ ಅಂಗಡಿಯಲ್ಲೂ ಹೇಳುತ್ತಾರೆ. ಕೇಳಿದರೆ ಸರಿ ಅನ್ನಿಸುತ್ತದೆ. ನಮ್ಮ ಮನೆಯ ವ್ಯಾಗನಾರ್‌ಗೂ ಹೀಗೇ ಹಾಕಿಸಿದ್ದೆವು. ಚಾರ್ಮಾಡಿ ಘಾಟಿ ಇಳಿಯುತ್ತಿದ್ದೆವು, ಗಾಡಿ ಭಾವನ ಕೈಯಲ್ಲಿತ್ತು, ನಾನು ಪಕ್ಕದಲ್ಲಿದ್ದೆ. ಸಣ್ಣ ಮಳೆ, ಸ್ಪೀಡ್ ಐವತ್ತೂ ಇರಲಿಲ್ಲ. ಎಡಕ್ಕೆ ತಿರುಗುವಾಗ ನಮ್ಮ ಸೀಟಿನ ಕೆಳಗೇ ಹಿಂಭಾಗ ಬಲಕ್ಕೆ ಸರಿದದ್ದು ಗೊತ್ತಾಯಿತು. ಭಾವ ಎಲ್ಲರೂ ಮಾಡುವ ಹಾಗೆ ಆಕ್ಸಿಲರೇಟರ್‌ನಿಂದ ಕಾಲು ತೆಗೆದರು. ಅಷ್ಟೇ, ಗಾಡಿ ಇನ್ನೂ ಜೋರಾಗಿ ತಿರುಗಿ ರಸ್ತೆಗೆ ಅಡ್ಡ ನಿಂತಿತು. ಹಿಂದಿನ ಚಕ್ರ ಬದಿಯ ಚರಂಡಿಗೆ ಒಂದು ಗೇಣು ದೂರ. ಮೇಲಿನಿಂದ ಬರುತ್ತಿದ್ದ ಬಸ್ಸಿನ ಡ್ರೈವರ್ ದೂರದಲ್ಲೇ ನೋಡಿ ನಿಲ್ಲಿಸಿದ್ದಕ್ಕೆ ನಾವು ಬಚಾವಾದೆವು.

ಮರುದಿನವೇ ಮುಂದಿನ ಎರಡು ಹಿಂದಕ್ಕೆ, ಹಿಂದಿನ ಎರಡು ಮುಂದಕ್ಕೆ ಹಾಕಿಸಿದೆವು. ಬೇರೆ ಯಾವ ಪಾರ್ಟ್ ಮುಟ್ಟಲಿಲ್ಲ. ವಾಪಸ್ ಬರುವಾಗಲೂ ಅದೇ ಘಾಟಿ, ಅದೇ ಮಳೆ. ಈ ಸಲ ತಿರುವಿನಲ್ಲಿ ಮೂತಿ ಸ್ವಲ್ಪ ಹೊರಕ್ಕೆ ಎಳೆಯುತ್ತಿತ್ತು. ಕಾಲು ಎತ್ತಿದರೆ ತಾನೇ ಲೈನಿಗೆ ಬರುತ್ತಿತ್ತು.

ಯಾಕೆ ಹೀಗೆ ಅಂದರೆ, ಸ್ಟೇರಿಂಗ್ ನಿಮಗೆ ಮುಂದಿನ ಟೈರಿನ ಸುದ್ದಿ ಮಾತ್ರ ಹೇಳುತ್ತದೆ. ಹೊಸ ಟೈರಿನಲ್ಲಿ ಟ್ರೆಡ್ (ರಸ್ತೆಗೆ ತಾಗುವ, ಗೀರುಗಳಿರುವ ಮೈ) ಸುಮಾರು 8 ಮಿಲಿಮೀಟರ್ ಆಳ ಇರುತ್ತದೆ, ನೀರು ಆ ಗೀರುಗಳಲ್ಲಿ ಹರಿದು ಹೋಗುತ್ತದೆ. ಸವೆದ ಟೈರಿಗೆ ಆ ಜಾಗ ಇಲ್ಲ, ಅದು ನೀರಿನ ಮೇಲೆ ತೇಲುತ್ತದೆ. ಹೊಸದು ಮುಂದಿದ್ದರೆ ಕೈಗೆ ಗಟ್ಟಿ ಹಿಡಿತ ಸಿಗುತ್ತದೆ, ನೀವು ಧೈರ್ಯವಾಗಿ ತಿರುವಿಗೆ ನುಗ್ಗುತ್ತೀರಿ, ಅಷ್ಟರಲ್ಲಿ ಹಿಂದಿನದು ತೇಲಿಯಾಗಿರುತ್ತದೆ. ಅದು ತೇಲಿದೆ ಅಂತ ಕೈಗೆ ಗೊತ್ತೇ ಆಗುವುದಿಲ್ಲ. ಕಾಲು ಎತ್ತಿದ ತಕ್ಷಣ ಭಾರ ಮುಂದಕ್ಕೆ ಬರುತ್ತದೆ, ಹಿಂಭಾಗ ಇನ್ನೂ ಹಗುರ ಆಗುತ್ತದೆ. ಹಳೇದು ಮುಂದಿದ್ದರೆ ಮೊದಲು ಸ್ಟೇರಿಂಗ್ ಹಗುರ ಆಗಿ ಎಚ್ಚರಿಕೆ ಕೊಡುತ್ತದೆ. ಮಿಷೆಲಿನ್‌ನಂಥ ಕಂಪನಿಗಳೂ ಎರಡೇ ಟೈರ್ ಬದಲಾಯಿಸಿದರೆ ಹೊಸದನ್ನು ಹಿಂದೆ ಹಾಕಿ ಅಂತಲೇ ಹೇಳುತ್ತವೆ. ಫ್ರಂಟ್ ವೀಲ್ ಡ್ರೈವ್, ಅಂದರೆ ಎಂಜಿನ್ ಮುಂದಿನ ಚಕ್ರವನ್ನೇ ತಿರುಗಿಸುವ ಗಾಡಿ ಆದರೂ ಅಷ್ಟೇ. ಇಎಸ್‌ಪಿ (ಗಾಡಿ ಜಾರಿದಾಗ ತಾನೇ ಬ್ರೇಕ್ ಹಿಡಿದು ಲೈನಿಗೆ ತರುವ ವ್ಯವಸ್ಥೆ) ಇರುವ ಗಾಡಿ ಒಂದಿಷ್ಟು ಕಾಪಾಡಬಹುದು, ಆದರೆ ಅದೂ ಇರುವ ಗ್ರಿಪ್ಪನ್ನೇ ಬಳಸಬೇಕು ಅಲ್ವಾ?

ಆದರೆ ಒಂದು ಮಾತು. ನಿಮ್ಮ ಹಳೆ ಟೈರ್ ತೀರಾ ಬೋಳಾಗಿದ್ದರೆ ಅದನ್ನು ಮುಂದಕ್ಕೆ ಹಾಕುವುದೂ ತಪ್ಪು. ಗೀರುಗಳ ಒಳಗೆ ಸಣ್ಣ ಉಬ್ಬು ಇರುತ್ತದೆ, ಅದು ಎಲ್ಲಿದೆ ಅಂತ ತೋರಿಸಲು ಸೈಡ್‌ವಾಲ್ (ಟೈರಿನ ಪಕ್ಕದ ಮೈ) ಮೇಲೆ ಟಿಡಬ್ಲ್ಯೂಐ (TWI) ಅಂತ ಗುರುತು ಇರುತ್ತದೆ. ಟ್ರೆಡ್ ಆ ಉಬ್ಬಿನ ಮಟ್ಟಕ್ಕೆ ಬಂದರೆ 1.6 ಮಿಲಿಮೀಟರ್ ಉಳಿದಿದೆ ಅಂತ ಅರ್ಥ, ಅಲ್ಲಿಗೆ ಕಾನೂನಿನ ಪ್ರಕಾರವೂ ಅದರ ಕಥೆ ಮುಗಿಯಿತು. ಮಲೆನಾಡಿನಲ್ಲಿ ಓಡಿಸುವವರು ಅಲ್ಲಿಯವರೆಗೂ ಕಾಯಬೇಡಿ. 3 ಮಿಲಿಮೀಟರ್‌ಗೆ ಬಂದಾಗಲೇ ನಾನು ತೆಗೆಸಿಬಿಡುತ್ತೇನೆ. ಡೆಪ್ತ್ ಗೇಜ್ ಕಡಿಮೆ ದುಡ್ಡಿಗೆ ಸಿಗುತ್ತದೆ, ಒಂದು ಇಟ್ಟುಕೊಳ್ಳಿ. ಒಳಗಂಚಿನಲ್ಲೂ ಅಳೆಯಿರಿ. ಹೊರಗಿನಿಂದ ಚೆನ್ನಾಗಿ ಕಂಡು ಒಳಗೆ ನೂಲು ಕಾಣುವ ಟೈರ್ ಎಷ್ಟೋ ನೋಡಿದ್ದೇನೆ.

ಸ್ಟೇರಿಂಗ್ ಮೆತ್ತಗಾಗಿದೆ ಅಂದಿರಲ್ಲ, ಅದಕ್ಕೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ಸವೆದ ಟೈರಿನ ಟ್ರೆಡ್ ಗಿಡ್ಡ, ಹಾಗಾಗಿ ಗಟ್ಟಿ. ಕೈ ತಿರುಗಿಸಿದ ತಕ್ಷಣ ಗಾಡಿ ತಿರುಗುತ್ತದೆ. ಹೊಸ ಟೈರಿನ ಬ್ಲಾಕ್ (ಗೀರುಗಳ ನಡುವಿನ ರಬ್ಬರ್ ತುಂಡು) ಎತ್ತರ, ಅದು ಮೊದಲು ತಾನು ಬಾಗಿ ಆಮೇಲೆ ಗಾಡಿಯನ್ನು ತಿರುಗಿಸುತ್ತದೆ. ಹಳೇ ಟೈರಿಗೆ ಕೈ ಒಗ್ಗಿರುವುದರಿಂದ ಹೊಸದು ತಡವಾಗಿ ತಿರುಗಿದ ಹಾಗೆ ಅನ್ನಿಸುತ್ತದೆ. ಓಡುತ್ತಾ ಓಡುತ್ತಾ ಸರಿಹೋಗುತ್ತದೆ. ಅಚ್ಚಿನಿಂದ ಬಿಡಿಸಲು ಹಚ್ಚಿದ ಜಾರುವ ಪದಾರ್ಥವೂ ಹೊಸ ಟೈರಿನ ಮೇಲೆ ಉಳಿದಿರುತ್ತದೆ. ಮೊದಲ ಮುನ್ನೂರು ಕಿಲೋಮೀಟರ್ ನಿಧಾನ ಓಡಿಸಿ, ಜೋರು ಬ್ರೇಕ್ ಬೇಡ. ಹೊಸ ಟೈರ್ ಹಾಕಿಸಿದ ದಿನವೇ ಫ್ಯಾಮಿಲಿ ತುಂಬಿಕೊಂಡು ಧರ್ಮಸ್ಥಳಕ್ಕೆ ಹೊರಡುವವರಿಗೂ ಇದನ್ನೇ ಹೇಳುತ್ತೇನೆ.

ಗಾಳಿ ಎಷ್ಟಿದೆ ನೋಡಿದಿರಾ? ಪೋಸ್ಟಿನಲ್ಲಿ ಬರೆದಿಲ್ಲ. ಟೈರ್ ರಿಮ್ಮಿಗೆ ಕೂರಲಿ ಅಂತ ಅಂಗಡಿಯಲ್ಲಿ ಗಾಳಿ ನಲವತ್ತು ಪಿಎಸ್‌ಐ ಮೇಲೆ ಹಿಡಿಸುತ್ತಾರೆ, ಇಳಿಸಲು ಮರೆಯುತ್ತಾರೆ. ಆಗ ಗಾಡಿ ಸಣ್ಣ ಗುಂಡಿಗೂ ಎಗರುತ್ತದೆ, ಎಲ್ಲರೂ ಸಸ್ಪೆನ್ಷನ್ ಅನ್ನುತ್ತಾರೆ. ಡ್ರೈವರ್ ಬಾಗಿಲು ತೆರೆದರೆ ಸ್ಟಿಕ್ಕರ್ ಇದೆ, ಅದರಲ್ಲಿರುವಷ್ಟೇ ಹಿಡಿಸಿ. ಬೆಳಿಗ್ಗೆ ಟೈರ್ ತಣ್ಣಗಿರುವಾಗ ನೋಡಬೇಕು. ಟೈರಿನ ಮೇಲೆ ಬರೆದಿರುವ ಮ್ಯಾಕ್ಸ್ ಪ್ರೆಶರ್ ಓದಿ ಅಷ್ಟು ಹಿಡಿಸಬೇಡಿ, ಅದು ಟೈರಿನ ಮಿತಿ. ನೈಟ್ರೋಜನ್ ಬಗ್ಗೆ ಕೇಳಲೇಬೇಡಿ. ಮಾಮೂಲಿ ಗಾಳಿಯಲ್ಲೇ 78 ಪರ್ಸೆಂಟ್ ನೈಟ್ರೋಜನ್ ಇದೆ. ಆ ದುಡ್ಡಿಗೆ ಒಂದು ಪ್ರೆಶರ್ ಗೇಜ್ ತಗೊಳ್ಳಿ.

ಗಾಳಿ ಸರಿಯಾಗಿದೆಯಾ ಅಂತ ನೋಡಲು ಸೀಮೆಸುಣ್ಣ ಸಾಕು. ಟ್ರೆಡ್ ಮೇಲೆ ಅಡ್ಡಲಾಗಿ, ಒಂದು ಅಂಚಿನಿಂದ ಇನ್ನೊಂದಕ್ಕೆ ದಪ್ಪ ಗೆರೆ ಎಳೆಯಿರಿ. ಒಣಗಿದ ನೇರ ರಸ್ತೆಯಲ್ಲಿ ನಿಧಾನ ಸ್ವಲ್ಪ ದೂರ ಹೋಗಿ ಇಳಿದು ನೋಡಿ. ಗೆರೆ ಪೂರ್ತಿ ಒಂದೇ ಸಮ ಅಳಿಸಿದ್ದರೆ ಸರಿ. ನಡುವೆ ಮಾತ್ರ ಅಳಿಸಿದ್ದರೆ ಗಾಳಿ ಜಾಸ್ತಿ, ಅಂಚಿನಲ್ಲಿ ಮಾತ್ರ ಅಳಿಸಿದ್ದರೆ ಕಡಿಮೆ. ಆದರೆ ಸ್ಟಿಕ್ಕರ್ ನಂಬರೇ ಮೊದಲು, ಇದು ಅದರ ಮೇಲೊಂದು ಪರೀಕ್ಷೆ ಅಷ್ಟೇ. ಹಾಗೇ ತೆಗೆದ ಹಳೆ ಟೈರಿನ ಮೇಲೆ ಅಂಗೈ ಅಡ್ಡ ಸವರಿ ನೋಡಿ. ಹೊರಗಿನಿಂದ ಒಳಕ್ಕೆ ನುಣುಪಾಗಿದ್ದು ವಾಪಸ್ ಎಳೆದರೆ ಗರಗಸದ ಹಲ್ಲಿನ ಹಾಗೆ ತಾಗಿದರೆ, ಅಥವಾ ಇದರ ಉಲ್ಟಾ ಆದರೆ, ಟೋ, ಅಂದರೆ ಚಕ್ರಗಳು ನೇರ ಮುಂದಕ್ಕೆ ನೋಡುವ ಕೋನ, ತಪ್ಪಿದೆ. ಅದನ್ನು ಸರಿ ಮಾಡಿಸದೆ ಹೊಸ ಟೈರ್ ಓಡಿಸಿದರೆ ಅದೂ ಹೀಗೇ ತಿಂದುಹೋಗುತ್ತದೆ. ಟೈರ್ ಅಂಗಡಿಯವರು ಹಳೆ ಟೈರ್ ಎತ್ತಿಡುವ ಮುಂಚೆ ಒಂದು ನಿಮಿಷ ಸವರಿ ನೋಡಿ ಸ್ವಾಮಿ, ಅಲ್ಲೇ ಗಾಡಿಯ ಜಾತಕ ಇರುತ್ತದೆ.

ಅಲೈನ್‌ಮೆಂಟ್ (ಚಕ್ರಗಳ ಕೋನ ಸರಿಮಾಡುವ ಕೆಲಸ) ಮಾಡಿಸಿದರೆ ಮುಂಚೆ ಎಷ್ಟಿತ್ತು, ಆಮೇಲೆ ಎಷ್ಟಾಯಿತು ಎರಡೂ ಇರುವ ಪ್ರಿಂಟ್ ಕೇಳಿ ತಗೊಳ್ಳಿ. ಸ್ವಿಫ್ಟ್‌ನ ಹಿಂದೆ ಟಾರ್ಷನ್ ಬೀಮ್ (ಹಿಂದಿನ ಎರಡೂ ಚಕ್ರ ಸೇರಿಸುವ ಒಂದೇ ತೊಲೆ) ಇದೆ, ಅಲ್ಲಿ ತಿರುಗಿಸಿ ಸರಿಮಾಡುವ ನಟ್ ಇಲ್ಲ. ಹಿಂದಿನ ಅಲೈನ್‌ಮೆಂಟ್ ಮಾಡಿಕೊಟ್ಟೆ ಅಂತ ಯಾರಾದರೂ ದುಡ್ಡು ಕೇಳಿದರೆ ಕೊಡಬೇಡಿ. ಕ್ಯಾಂಬರ್ (ಚಕ್ರ ಒಳಕ್ಕೋ ಹೊರಕ್ಕೋ ವಾಲಿರುವುದು) ಔಟ್ ಅಂತ ಜಾಕ್ ಕೊಟ್ಟು ಬಗ್ಗಿಸುವವರ ಕೈಗಂತೂ ಗಾಡಿ ಕೊಡಲೇಬೇಡಿ.

ಗಾಡಿ ಒಂದು ಕಡೆಗೆ ಎಳೆಯುತ್ತಿದ್ದರೆ ಮುಂದಿನ ಎರಡು ಟೈರ್ ಎಡ ಬಲ ಅದಲು ಬದಲು ಮಾಡಿಸಿ. ಎಳೆತವೂ ದಿಕ್ಕು ಬದಲಿಸಿದರೆ ತಪ್ಪು ಟೈರಿನದು, ಅದೇ ಕಡೆ ಎಳೆದರೆ ಅಲೈನ್‌ಮೆಂಟ್ ಅಥವಾ ಬ್ರೇಕ್. ಸೈಡ್‌ವಾಲ್ ಮೇಲೆ ಬಾಣದ ಗುರುತು ಇರುವ ಟೈರಿಗೆ ಸುಮ್ನೆ ಹೀಗೆ ಮಾಡಬೇಡಿ, ಅದು ಒಂದೇ ದಿಕ್ಕಿಗೆ ತಿರುಗಬೇಕು. ಔಟ್‌ಸೈಡ್ ಅಂತ ಬರೆದಿದ್ದರೆ ಆ ಬರಹ ಹೊರಗೆ ಕಾಣುತ್ತಿದೆಯಾ ನೋಡಿ. ಎಂಬತ್ತರ ಸ್ಪೀಡಿನಲ್ಲಿ ಸ್ಟೇರಿಂಗ್ ನಡುಗಿದರೆ ಮುಂದಿನ ಬ್ಯಾಲೆನ್ಸಿಂಗ್, ಸೀಟು ನಡುಗಿದರೆ ಹಿಂದಿನದು.

ಮೈಲೇಜ್ ಲೆಕ್ಕ ಕೇಳಿ. ನಿಮ್ಮ 165/80 ಆರ್14 ಟೈರ್ ಹೊಸದಿದ್ದಾಗ ಸುಮಾರು 620 ಮಿಲಿಮೀಟರ್ ಎತ್ತರ. ಟ್ರೆಡ್ ಎಂಟರಿಂದ ಎರಡಕ್ಕೆ ಇಳಿದರೆ ಮೇಲೆ ಆರು ಕೆಳಗೆ ಆರು, ಒಟ್ಟು 12 ಮಿಲಿಮೀಟರ್ ಕಮ್ಮಿ. ಹತ್ತಿರ ಹತ್ತಿರ 2 ಪರ್ಸೆಂಟ್. ಹಳೇ ಸಣ್ಣ ಟೈರ್ ಅಷ್ಟೇ ದೂರಕ್ಕೆ ಜಾಸ್ತಿ ಸುತ್ತು ತಿರುಗಿ, ಮೀಟರಿನಲ್ಲಿ ಜಾಸ್ತಿ ಕಿಲೋಮೀಟರ್ ತೋರಿಸುತ್ತಿತ್ತು. ಈಗ ಕಮ್ಮಿ ತೋರಿಸುತ್ತದೆ. 20 ಕೊಡುತ್ತಿದ್ದ ಗಾಡಿ 19.6 ಅಂತ ಕಾಣುವುದಕ್ಕೆ ಇಷ್ಟೇ ಸಾಕು. ಅದರ ಮೇಲೆ ಹೊಸ ಟ್ರೆಡ್ ಉರುಳಲು ಸ್ವಲ್ಪ ಜಾಸ್ತಿ ಶಕ್ತಿ ತಿನ್ನುತ್ತದೆ. ಇದಕ್ಕೆಲ್ಲ ಇಂಜೆಕ್ಟರ್ ಕ್ಲೀನ್ ಮಾಡಿಸಲು ಓಡಬೇಡಿ.

ಯಾವ ಕಂಪನಿಯ ಟೈರ್ ಒಳ್ಳೆಯದು ಅಂತ ಕೆಳಗೆ ಕಾಮೆಂಟಿನಲ್ಲಿ ಜಗಳ ಶುರುವಾಗಿದೆ. ಅಪೊಲೊ ಅಮೇಜರ್, ಸಿಯೆಟ್ ಮೈಲೇಜ್ (Milaze) ಇವು ಜಾಸ್ತಿ ಓಡಲಿ ಅಂತ ಮಾಡಿದ ಟೈರ್. ಅಪೊಲೊದ ಅಲ್ನಾಕ್, ಸಿಯೆಟ್‌ನ ಸೆಕ್ಯುರಾಡ್ರೈವ್ ಗ್ರಿಪ್ ಕಡೆಯವು. ದಿನಾ ಘಾಟಿ ಹತ್ತುವವರು ಹತ್ತು ಸಾವಿರ ಕಿಲೋಮೀಟರ್ ಕಮ್ಮಿ ಬಂದರೂ ಗ್ರಿಪ್ ಟೈರೇ ಹಾಕಿ ಅನ್ನುವುದು ನನ್ನ ಅಭಿಪ್ರಾಯ. ಮೈಸೂರಿನ ವಿಕ್ರಾಂತ್ ಟೈರ್ ಕಾರ್ಖಾನೆ ಈಗ ಜೆಕೆ ಟೈರ್‌ನವರದು, ಹಾಗಾಗಿ ಜೆಕೆ ಮೇಲೆ ನನಗೆ ಒಂದು ಕೈ ಅಭಿಮಾನ ಜಾಸ್ತಿ. ಯಾವುದೇ ಹಾಕಿ, ಒಂದು ಆಕ್ಸಲ್‌ನ ಎರಡೂ ಕಡೆ ಒಂದೇ ಕಂಪನಿ, ಒಂದೇ ಮಾಡೆಲ್, ಒಂದೇ ಸವೆತ ಇರಬೇಕು. ದುಡ್ಡು ಉಳಿಸಲು ಒಂದು ಹೊಸದು ತಂದು ಸ್ಟೆಪ್ನಿ ಜೊತೆ ಜೋಡಿ ಮಾಡುವವರು ಮೊದಲು ಸ್ಟೆಪ್ನಿಯ ವಯಸ್ಸು ನೋಡಿ.

ವಯಸ್ಸು ಅಂದೆ, ನಿಮ್ಮ ಹಿಂದಿನ ಎರಡಕ್ಕೂ ಅದೇ ಪ್ರಶ್ನೆ. ಸೈಡ್‌ವಾಲ್‌ನಲ್ಲಿ ಡಾಟ್ (DOT) ಅಂತ ಶುರುವಾಗುವ ಸಾಲಿನ ಕೊನೆಯಲ್ಲಿ ನಾಲ್ಕು ಅಂಕಿ ಇರುತ್ತದೆ. 3519 ಅಂತಿದ್ದರೆ 2019ರ 35ನೇ ವಾರ. ಆ ನಂಬರ್ ಒಂದೊಂದು ಸಲ ಒಳಗಿನ ಮುಖದಲ್ಲಿರುತ್ತದೆ, ಚಕ್ರ ಬಿಚ್ಚಿದಾಗ ನೋಡಿ. ಐದು ವರ್ಷ ದಾಟಿ ಸೈಡ್‌ವಾಲ್‌ನಲ್ಲಿ ಬಿರುಕು ಇದ್ದರೆ ಟ್ರೆಡ್ ಎಷ್ಟೇ ಇರಲಿ, ಅವನ್ನು ಮುಂದಕ್ಕೆ ಹಾಕಬೇಡಿ. ಇನ್ನೆರಡು ಹೊಸದು ತಗೊಂಡು ನಾಲ್ಕನ್ನೂ ಒಂದೇ ಮಾಡಿ. ಶಾಕ್ ಅಬ್ಸಾರ್ಬರ್‌ಗೆ ತೆಗೆದಿಟ್ಟ ದುಡ್ಡು ಇದಕ್ಕೆ ಹಾಕಿ. ಬದಲಾಯಿಸಿದ ಮೇಲೆ ಐವತ್ತು ನೂರು ಕಿಲೋಮೀಟರ್ ಓಡಿಸಿ ವೀಲ್ ನಟ್ ಒಂದು ಸಲ ಕೈ ಸ್ಪ್ಯಾನರ್‌ನಲ್ಲಿ ಚೆಕ್ ಮಾಡಿಸಿ, ಏರ್ ಗನ್‌ನಲ್ಲಿ ಬೇಡ.

ಹಿಂದಿನ ಎರಡು ಟೈರಿನ ಫೋಟೋ, ಆ ನಾಲ್ಕು ಅಂಕಿ, ಒಳಗಂಚಿನ ಅಳತೆ ಮೂರೂ ಇಲ್ಲೇ ಕೆಳಗೆ ಹಾಕಿ. ನೋಡಿ ಹೇಳುತ್ತೇನೆ. ಅಲ್ಲಿವರೆಗೂ ಮಳೆಯಲ್ಲಿ ಶಿರಾಡಿ ಕಡೆ ಹೋಗಬೇಡಿ.